ಚಪ್ಪಾಳೆ ನಿಂತ ಹೊತ್ತು

ಆ ವರ್ಷ ಕುಳಿಗೆ ಇಳಿಯುವುದಕ್ಕೆ ನಮ್ಮೂರಿನ ಯಾವ ಹೆಂಗಸಿಗೂ ಮನಸ್ಸಿರಲಿಲ್ಲ. ಹಿಂದಿನ ವರ್ಷ ಇಳಿದಿದ್ದ ಹಗ್ನೆಯ ಗತಿ ಏನಾಯಿತೆಂಬುದನ್ನು ಎಲ್ಲರೂ ಕಣ್ಣಾರೆ ಕಂಡಿದ್ದೆವು.

ಹಗ್ನೆ ಇಳಿದಳು, ಬುಟ್ಟಿ ತುಂಬಿಸಿ ಕೊಟ್ಟಳು, ಬಿತ್ತನೆಯೂ ಆಯಿತು. ಜವೆಗೋಧಿ ಚೆನ್ನಾಗಿಯೇ ಮೊಳೆಯಿತು. ಸೊಂಟದೆತ್ತರ ಬೆಳೆದು ತೆನೆಯನ್ನೂ ಬಿಟ್ಟಿತು. ಆದರೆ ತೆನೆಯನ್ನು ಉಗುರಿನಲ್ಲಿ ಒತ್ತಿದರೆ ಹಾಲು ಬರಲಿಲ್ಲ. ಊರ ಹೊಲವೆಲ್ಲ ಜೊಳ್ಳು. ಆ ಬೇಸಿಗೆಯನ್ನು ಒಣ ಅಂಜೂರ, ಕಾಡುಸೊಪ್ಪು, ಗೆಡ್ಡೆ ತಿಂದು ಕಳೆದೆವು. ಮುದುಕರು ಮೂವರು ಹೋದರು. ಹೊಸ ಬಿತ್ತನೆಯ ಕಾಳನ್ನು ಗುಡ್ಡದಾಚೆಯ ನೆಂಟರಿಂದ ಬೇಡಿ ತಂದದ್ದಾಯಿತು. ಅದೂ ಜೊಳ್ಳಾದರೆ ಮತ್ತೆ ಬೇಡುವುದಕ್ಕೆ ಯಾರೂ ಉಳಿದಿರಲಿಲ್ಲ.

"ಇಳಿದವಳು ಮೈಲಿಗೇಲಿ ಇಳಿದಿದ್ದಾಳೆ" ಎಂದು ಊರು ತೀರ್ಮಾನಿಸಿತು. ಹಗ್ನೆಯ ಗಂಡ ಅವಳನ್ನು ಹೊರಗೆ ಹಾಕಿದ. ತವರಿನವರು ಬಾಗಿಲು ತೆಗೆಯಲಿಲ್ಲ. ಒಂದು ಆಡನ್ನು ಎಳೆದುಕೊಂಡು ಅವಳು ಸಮುದ್ರದ ದಂಡೆಯ ಬಲೆ ಗುಡಿಸಲಿಗೆ ಹೋಗುವಾಗ ಹೆಂಗಸರು ದಾರಿಯ ಎರಡೂ ಬದಿಗೆ ನಿಂತು ಉಗುಳಿದರು. ಕೆಲವರು ಕಲ್ಲು ಎಸೆದರು. ನನ್ನ ಅತ್ತಿಗೆ ಲೂಸಿಲ್ಲಳೂ ಒಂದು ಎಸೆದಳು. ತಾಗಲಿಲ್ಲ. ಆದರೆ ಎಸೆದದ್ದು ಹೌದು.

ಕುಳಿ ಇರುವುದು ದೆಮೇತೆರ್ ತಾಯಿಯ ಗುಡಿಯ ಹಿಂದೆ, ಬಂಡೆಯ ಬಿರುಕಿನಲ್ಲಿ. ಧಾನ್ಯದ ತಾಯಿ ದೆಮೇತೆರ್‌ಗೆ ಮೂರ್ತಿಯಿದೆ, ಪಾತಾಳ ಸೇರಿದ ಅವಳ ಮಗಳಿಗೂ ಪೀಠವಿದೆ. ಕುಳಿಯ ಒಡತಿ ಕಲ್ಲಿಗೆನೇಯಳಿಗೆ ಮಾತ್ರ ಮುಖವಿಲ್ಲ. ಚಂದದ ಹೆರಿಗೆ ಎಂಬುದೇ ಅವಳ ಹೆಸರು. ಬಸುರಿಯ ಹೊಟ್ಟೆಯಲ್ಲಿ ಮಗು ತುಂಬಿಕೊಳ್ಳುವುದೂ ತೆನೆಯಲ್ಲಿ ಹಾಲು ತುಂಬಿಕೊಳ್ಳುವುದೂ ಅವಳು ಕೈಯಿಟ್ಟರೆ. ಕೈ ತೆಗೆದರೆ ಎರಡೂ ಹೋಯಿತು. ಬೇಸಿಗೆಯ ಮೊದಲಿಗೆ ಹಂದಿಮರಿಗಳನ್ನು ಜೀವಂತವಾಗಿ ಅವಳ ಬಾಯಿಗೆ ಹಾಕುತ್ತೇವೆ. ಬಿತ್ತನೆಗೆ ಮೊದಲು ಇಬ್ಬರು ಹೆಂಗಸರು ಇಳಿದು ಕೊಳೆತದ್ದನ್ನು ಬಾಚಿ ಮೇಲೆ ಕಳಿಸಬೇಕು. ಅದನ್ನು ಬಿತ್ತನೆಯ ಕಾಳಿಗೆ ಬೆರೆಸಬೇಕು. ಕೆಳಗೆ ಅವಳ ಹಾವುಗಳು ಕಾಯುತ್ತಿರುತ್ತವೆ. ಮೇಲಿರುವವರು ಬಿಡದೆ ಚಪ್ಪಾಳೆ ತಟ್ಟುತ್ತಿದ್ದರೆ ಹಾವುಗಳು ಬಂಡೆಯ ಸಂದಿಯಲ್ಲಿ ಅಡಗಿರುತ್ತವೆ. ಸದ್ದು ನಿಂತರೆ ಹೊರಗೆ ಬರುತ್ತವೆ.

ಇಳಿಯುವ ಇಬ್ಬರಲ್ಲಿ ಒಬ್ಬಳು ಯಾವಾಗಲೂ ಗ್ಲೂಕೆ ಅಜ್ಜಿ. ಅವಳ ಗಂಡ ಸತ್ತು ಇಪ್ಪತ್ತು ವರ್ಷ, ಅವಳ ಮಡಿಯ ಮೇಲೆ ಅನುಮಾನ ಪಡುವವರಿರಲಿಲ್ಲ. ಇನ್ನೊಬ್ಬಳನ್ನು ಆರಿಸುವುದು ಅವರೆಕಾಳಿನಿಂದ. ಹೂಜಿಯಲ್ಲಿ ಕಪ್ಪು ಕಾಳುಗಳ ನಡುವೆ ಒಂದು ಬಿಳಿಯದು.

ನಾವು ಸಾಲಾಗಿ ನಿಂತು ಒಬ್ಬೊಬ್ಬರೇ ಕೈ ಹಾಕಿದೆವು. ನನ್ನದು ಕಪ್ಪು. ಎಷ್ಟು ಸಂತೋಷವಾಯಿತೆಂದರೆ ಇವತ್ತಿಗೂ ನೆನೆದರೆ ನಾಚಿಕೆಯಾಗುತ್ತದೆ. ನನ್ನ ಹಿಂದೆ ಲೂಸಿಲ್ಲ. ಕೈ ಹೊರಗೆ ತೆಗೆದವಳು ಮುಷ್ಟಿ ಬಿಚ್ಚಲೇ ಇಲ್ಲ.

"ಬಿಚ್ಚೇ ಕೈನ" ಎಂದಳು ಹಬ್ಬದ ಯಜಮಾನಿ ಫನೋಸ್ತ್ರಾತೆ.

"ಕಪ್ಪದೇ ಇರಬೇಕು ಅಮ್ಮ."

"ಇರಬೇಕು ಅಂದ್ರೆ ಆಗುತ್ತಾ? ತೋರ್ಸು."

ಬಿಳಿಯದು. ಬೆವರಿಗೆ ಅಂಗೈಗೆ ಅಂಟಿಕೊಂಡಿತ್ತು. ಲೂಸಿಲ್ಲಳ ಮುಖದಲ್ಲಿ ರಕ್ತವೇ ಇರಲಿಲ್ಲ. ಗ್ಲೂಕೆ ಅಜ್ಜಿ ಮಾತ್ರ ಬೊಚ್ಚುಬಾಯಿ ಬಿಟ್ಟು ನಕ್ಕಳು. "ಬಾ ಮಗಾ. ಈ ಮುದಿ ಮೂತಿ ನೋಡಿ ನೋಡಿ ಹಾವಿಗೂ ಬೇಜಾರಾಗಿದೆ. ಒಂದು ಚೆಂದದ ಮುಖಾನೂ ನೋಡ್ಲಿ ಬಿಡು."

ಲೂಸಿಲ್ಲಳಿಗೆ ಆಗ ಇಪ್ಪತ್ತೊಂದು. ನಮ್ಮಣ್ಣ ಫೈದಿಮೊಸ್ ಯುದ್ಧದ ಹಡಗಿನಲ್ಲಿ ಹುಟ್ಟು ಹಾಕುವವನು, ಆ ತಿಂಗಳು ಇನ್ನೂ ಮನೆಗೆ ಬಂದಿರಲಿಲ್ಲ. ನಾಲ್ಕು ವರ್ಷದಲ್ಲಿ ಅವಳಿಗೆ ಎರಡು ಸಲ ಬಸಿರು ನಿಂತು ಎರಡು ಸಲವೂ ಇಳಿದುಹೋಗಿತ್ತು. ಕಲ್ಲಿಗೆನೇಯ ತನ್ನ ಮೇಲೆ ಮುನಿದಿದ್ದಾಳೆ ಎಂದು ಅವಳು ನಂಬಿದ್ದಳು. ಆ ಮುನಿದವಳ ಬಾಯಿಗೆ ಈಗ ತಾನೇ ಇಳಿಯಬೇಕು.

ಮಡಿ ಮೂರು ದಿನದ್ದು. ಅವಳ ಮುಂಗೈಗೆ ಬಿಳಿ ಉಣ್ಣೆಯ ದಾರ ಕಟ್ಟಿದರು. ನಮ್ಮಮ್ಮ ಅವಳನ್ನು ಮಾಳಿಗೆಯ ಕೋಣೆಯಲ್ಲಿ ಬೇರೆ ಇಟ್ಟಳು. ಹೆರಿಗೆಯ ಮನೆ, ಸಾವಿನ ಮನೆ, ಗಂಡಸಿನ ಹಾಸಿಗೆ ಯಾವುದರ ಗಾಳಿಯೂ ಸೋಕಬಾರದು. ಕುಡಿಯುವ ನೀರನ್ನೂ ಅವಳೇ ಬುಗ್ಗೆಯಿಂದ ತಂದುಕೊಳ್ಳಬೇಕು.

ಮೂರನೆಯ ದಿನ ಬೆಳಿಗ್ಗೆ ಅವಳು ಬುಗ್ಗೆಗೆ ಹೊರಟಿದ್ದಳು. ಆಲಿವ್ ತೋಪು ದಾಟಿದ ಮೇಲೆ ಪೊದೆಯ ಕಡೆಯಿಂದ ಬೆಕ್ಕು ಮುಲುಗಿದಂಥ ಸದ್ದು. ಪೊದೆಯ ಬುಡದಲ್ಲಿ ಅಗಲ ಬಾಯಿಯ ಅಡುಗೆಯ ಮಡಕೆ. ಒಳಗೆ ಹಳದಿ ಅಂಚಿನ ಬಟ್ಟೆ ಸುತ್ತಿದ ಹೆಣ್ಣು ಕೂಸು.

ಇದು ಯಾರಿಗೂ ಹೊಸತಲ್ಲ. ಅಪ್ಪನಾದವನು ಬೇಡ ಎಂದ ಮಗುವನ್ನು ಹೀಗೆ ಇಟ್ಟು ಬರುವುದುಂಟು. ಇಟ್ಟ ಮೇಲೆ ಅದು ಪಾತಾಳದವರ ಪಾಲು. ಸಾಯಲೆಂದು ಬಿಟ್ಟದ್ದನ್ನು ಮುಟ್ಟಿದರೆ ಸಾವನ್ನೇ ಮುಟ್ಟಿದ ಹಾಗೆ. ದಾರಿಹೋಕರು ಮುಖ ತಿರುಗಿಸಿಕೊಂಡು ಹೋಗುತ್ತಾರೆ.

ಲೂಸಿಲ್ಲಳೂ ಮುಖ ತಿರುಗಿಸಿಕೊಂಡಳು. ಇಪ್ಪತ್ತು ಹೆಜ್ಜೆ ಹೋದಳು. ತಾನು ಮೈಲಿಗೆಯಾದರೆ ಊರಿನ ಕಾಳೆಲ್ಲ ಮೈಲಿಗೆ, ಊರಿಗೆ ಊರೇ ಉಪವಾಸ ಸಾಯುತ್ತದೆ ಎಂದು ತನಗೆ ತಾನೇ ಹೇಳಿಕೊಂಡಳು. ಕಿವಿ ಮುಚ್ಚಿಕೊಂಡು ಇನ್ನೂ ಹತ್ತು ಹೆಜ್ಜೆ. ಆಮೇಲೆ ಏಕೋ ಹಿಂತಿರುಗಿ ನೋಡಿದಳು. ಮಡಕೆಯ ಅಂಚಿನ ಮೇಲೆ ಒಂದು ಕಾಗೆ ಕೂತು ಕತ್ತು ಓರೆ ಮಾಡಿ ಒಳಗೆ ನೋಡುತ್ತಿತ್ತು.

ಓಡಿ ಬಂದು ಕಾಗೆಯನ್ನು ಓಡಿಸಿದ್ದು ನೆನಪಿದೆ, ಮಗುವನ್ನು ಎತ್ತಿಕೊಂಡದ್ದು ನೆನಪಿಲ್ಲ ಎಂದು ಅವಳು ಆಮೇಲೆ ನನ್ನ ಹತ್ತಿರ ಹೇಳಿದಳು. ಎದೆಗೆ ಒತ್ತಿಕೊಂಡ ಮೇಲೆ ಭಯದಿಂದ ದಾರಿಯ ಎರಡೂ ಕಡೆ ನೋಡಿದಳು. ಮನೆಗೆ ಒಯ್ಯುವ ಹಾಗಿಲ್ಲ. ಊರಲ್ಲಿ ಯಾರಿಗೆ ಕೊಟ್ಟರೂ ಸಂಜೆಯೊಳಗೆ ಊರಿಗೆಲ್ಲ ಗೊತ್ತಾಗುತ್ತದೆ. ಯಾರೂ ಮಾತಾಡಿಸದವಳು, ಯಾರ ಜೊತೆಯೂ ಮಾತಿಲ್ಲದವಳು ಊರಲ್ಲಿ ಒಬ್ಬಳೇ.

ಹಗ್ನೆ ಗುಡಿಸಲ ಮುಂದೆ ಆಡಿನ ಹಾಲು ಕರೆಯುತ್ತಿದ್ದಳು. ಹೆಜ್ಜೆ ಸದ್ದಿಗೆ ತಲೆಯೆತ್ತಿದಳು.

"ಕಲ್ಲು ಹೊಡೆಯೋಕೆ ಇಷ್ಟು ದೂರ ಬಂದ್ಯಾ? ಊರೊಳಗೆ ಯಾರೂ ಸಿಗ್ಲಿಲ್ವಾ?"

"ಅಕ್ಕ, ಇದನ್ನ ಇಟ್ಕೋ. ನಿನ್ನ ಹತ್ರ ಆಡಿದೆ."

ಹಗ್ನೆ ಬಟ್ಟೆ ಸರಿಸಿ ನೋಡಿದಳು. ಬೆರಳನ್ನು ಹಾಲಿಗದ್ದಿ ಕೂಸಿನ ತುಟಿಗೆ ಇಟ್ಟಳು. ಕೂಸು ಚೀಪಿತು. ಆಗ ಹಗ್ನೆಯ ಕಣ್ಣಿಗೆ ಲೂಸಿಲ್ಲಳ ಮುಂಗೈಯ ಬಿಳಿ ದಾರ ಬಿತ್ತು. ಕೈ ಅಲ್ಲೇ ನಿಂತಿತು.

"ಈ ವರ್ಷ ನೀನಾ?"

"ಹೂಂ."

"ಇದನ್ನ ಮುಟ್ಟಿದ ಕೈಯಲ್ಲಿ ಇಳೀತೀಯಾ?"

ಲೂಸಿಲ್ಲ ಅಳತೊಡಗಿದಳು. "ನಿಜ ಹೇಳಕ್ಕ. ಹೋದ ವರ್ಷ ನಿನಗೆ ಮೈಲಿಗೆ ಆಗಿತ್ತಾ?"

"ಹತ್ತು ದಿನ ಮಡೀಲಿದ್ದೆ ಕಣೇ. ಮೂರು ಸಾಕು ಅಂದ್ರೂ ಹತ್ತು ದಿನ. ಗಂಡನ ನೆರಳೂ ತುಳೀಲಿಲ್ಲ."

"ಹಾಗಾದ್ರೆ ಕಾಳು ಯಾಕೆ ಜೊಳ್ಳಾಯ್ತು?"

"ನನಗೇನು ಗೊತ್ತು? ಅದನ್ನೇ ಕೇಳ್ಕೊಂಡು ಇಲ್ಲಿ ಕೂತಿದೀನಿ. ಸಮುದ್ರ ಏನೂ ಹೇಳಲ್ಲ."

ಅಷ್ಟು ಮಡಿಯಲ್ಲಿದ್ದವಳಿಗೇ ಹೀಗಾದರೆ ತನ್ನ ಗತಿಯೇನು ಎಂದು ಲೂಸಿಲ್ಲ ಮುಂಗೈಯ ದಾರವನ್ನು ನೋಡಿಕೊಂಡಳು. "ಯಜಮಾನಿಗೆ ಹೇಳಿಬಿಡ್ಲಾ? ಬೇರೆ ಯಾರನ್ನಾದ್ರೂ ಇಳಿಸ್ತಾರೆ."

"ಹೇಳು. ಮಗು ಎಲ್ಲಿ ಅಂತಾರೆ. ಹುಡುಕಿ ಅದರಪ್ಪನ ಕೈಗೆ ಕೊಡ್ತಾರೆ. ಅವನು ಈ ಸಲ ಇನ್ನೂ ದೂರ ಇಟ್ಟು ಬರ್ತಾನೆ." ಹಗ್ನೆ ಮತ್ತೆ ಬೆರಳನ್ನು ಹಾಲಿಗೆ ಅದ್ದಿದಳು. "ಸಮುದ್ರದ ನೀರಲ್ಲಿ ಕೈ ತೊಳ್ಕೊಂಡು ಹೋಗು. ಏನಾಗುತ್ತೋ ನನಗೆ ಗೊತ್ತಿಲ್ಲ. ಏನೂ ಆಗೋದಿಲ್ಲ ಅಂತ ಮಾತ್ರ ನನ್ನ ಬಾಯಲ್ಲಿ ಹೇಳಿಸಬೇಡ."

ಲೂಸಿಲ್ಲ ಚರ್ಮ ಕೆಂಪಾಗುವ ತನಕ ಕೈ ತಿಕ್ಕಿ ತೊಳೆದಳು.

ಮಾರನೆಯ ದಿನ ಹೆಂಗಸರೆಲ್ಲ ಗುಡಿಯ ಬೆಟ್ಟ ಹತ್ತಿ ಗುಡಾರ ಹಾಕಿದೆವು. ಅದರ ಮರುದಿನ ಉಪವಾಸ. ಲಕ್ಕಿಸೊಪ್ಪು ಹಾಸಿ ನೆಲದ ಮೇಲೆ ಕೂತಿರಬೇಕು, ಹೂ ಮುಡಿಯುವ ಹಾಗಿಲ್ಲ. ಮಧ್ಯಾಹ್ನವಾದ ಮೇಲೆ ಬೈದಾಡಿಕೊಂಡು ನಗಬೇಕು. ಮಗಳನ್ನು ಕಳೆದುಕೊಂಡ ದೆಮೇತೆರ್ ತಾಯಿ ನಕ್ಕದ್ದು ಪೋಲಿ ಮಾತಿಗೇ ಅಲ್ಲವೇ. ಶುರು ಮಾಡಿದವಳು ಗ್ಲೂಕೆ ಅಜ್ಜಿ.

"ಅರಿಸ್ತುಲ್ಲಳ ಗಂಡ ನೇಗಿಲು ಹೆಗಲ ಮೇಲೆ ಹೊತ್ಕೊಂಡು ಊರೆಲ್ಲ ಸುತ್ತುತ್ತಾನೆ. ಉತ್ತಿದ್ದು ಯಾವಾಗ ಅಂತ ಅವಳನ್ನೇ ಕೇಳ್ರೇ!"

ಅರಿಸ್ತುಲ್ಲ ನಮ್ಮ ಓಣಿಯ ಕೊನೆಯ ಮನೆಯವಳು. ಅವಳ ಕಣ್ಣು ತಪ್ಪಿಸಿ ಬೆಕ್ಕೂ ಬೀದಿ ದಾಟುತ್ತಿರಲಿಲ್ಲ. ಅವಳು ಸುಮ್ಮನಿರುತ್ತಾಳೆಯೇ? "ನಿನ್ನ ಹೊಲ ಬೀಳು ಬಿದ್ದು ಇಪ್ಪತ್ತು ವರ್ಷ ಆಯ್ತು ಅಜ್ಜಿ. ಬರೀ ಮುಳ್ಳು ಬೆಳೆದಿರುತ್ತೆ!"

"ಮುಳ್ಳಿದ್ರೇನೇ? ಬೇಲಿ ಹಾರೋರು ಇನ್ನೂ ಇದಾರೆ!"

ಹೊಟ್ಟೆ ಹಸಿದಿದ್ದರೂ ನಾವು ಬಿದ್ದು ಬಿದ್ದು ನಕ್ಕೆವು. ಇಬ್ಬರು ನಗಲಿಲ್ಲ. ಒಬ್ಬಳು ಲೂಸಿಲ್ಲ. ಇನ್ನೊಬ್ಬಳು ನನ್ನ ಪಕ್ಕದಲ್ಲಿದ್ದ ನೇಯ್ಗೆಯ ಫಿಲಿನ್ನ. ಮೂರು ಹೆಣ್ಣುಮಕ್ಕಳ ತಾಯಿ. ಕೆಲವು ದಿನದ ಹಿಂದೆ ಮತ್ತೊಂದು ಹೆತ್ತಿದ್ದಳು, ಅದು ಉಳಿಯಲಿಲ್ಲ ಎಂದು ಗಂಡ ಹೇಳಿದ್ದ. ಸಮುದ್ರಸ್ನಾನ ಮಾಡಿ ಶುದ್ಧಿಯಾಗಿ ಬಂದಿದ್ದಳು. ಎದೆಯ ಮೇಲೆ ಎರಡೂ ಕೈ ಕಟ್ಟಿಕೊಂಡು ನೆಲ ನೋಡುತ್ತಿದ್ದಳು. ನಾನು ಲೂಸಿಲ್ಲಳ ಹತ್ತಿರ ಹೋಗಿ, "ಅತ್ತಿಗೆ, ನಗು. ನಗದಿದ್ರೆ ತಾಯಿಗೆ ಸಿಟ್ಟು ಬರುತ್ತೆ" ಎಂದೆ. ಅವಳು ಹಲ್ಲು ಕಾಣಿಸಿದಳು. ಅದು ನಗುವಾಗಿರಲಿಲ್ಲ.

ಮೂರನೆಯದು ಕಲ್ಲಿಗೆನೇಯಳ ದಿನ. ಬೆಳಕು ಹರಿದು ಸೂರ್ಯ ಸಮುದ್ರದ ಮೇಲೆ ಒಂದಾಳೆತ್ತರ ಬಂದಾಗ ಕುಳಿಯ ಬಾಯಿಂದ ಬೇಲಿ ತೆಗೆದರು. ನೊಣದ ಹಿಂಡೊಂದು ಎದ್ದು ಬಂತು, ಅದರ ಹಿಂದೆ ವಾಸನೆ. ಮುಂದೆ ನಿಂತವರು ಸೆರಗು ಮುಚ್ಚಿಕೊಂಡರು. ಹಗ್ಗದ ಏಣಿ ಇಳಿಬಿಟ್ಟರು. ಯಜಮಾನಿ ಕೈಯೆತ್ತಿದಳು, ನಲವತ್ತು ಹೆಂಗಸರು ಚಪ್ಪಾಳೆ ತಟ್ಟಲು ಶುರು ಮಾಡಿದೆವು. ಮೊದಲು ಗ್ಲೂಕೆ ಅಜ್ಜಿ ಇಳಿದಳು. ಲೂಸಿಲ್ಲ ಏಣಿಯ ಮೇಲೆ ಕಾಲಿಟ್ಟು ನನ್ನ ಕಡೆ ನೋಡಿದಳು. ತಲೆ ಕತ್ತಲೆಯೊಳಗೆ ಹೋಯಿತು.

ಕೆಳಗೆ ನಡೆದದ್ದನ್ನು ನನಗೆ ಅವಳೇ ಹೇಳಿದ್ದು.

ಕಾಲು ನೆಲಕ್ಕೆ ತಾಗಿದಾಗ ಅದು ನೆಲವಾಗಿರಲಿಲ್ಲ. ಪಾದ ಮೆತ್ತಗೆ ಹೂತುಹೋಗಿ ಕಣಕಾಲಿನ ತನಕ ತಣ್ಣಗೆ ಅಂಟಿಕೊಂಡಿತು. ಸಣ್ಣ ಎಲುಬುಗಳು ಕಾಲಡಿಯಲ್ಲಿ ಮುರಿದವು. ಮೇಲೆ ಬಾಯಿಯ ಬೆಳಕು ಒಂದು ರೊಟ್ಟಿಯಷ್ಟು. ಗೋಡೆಯ ಸಂದಿಗಳಲ್ಲಿ ಆಗಾಗ ಏನೋ ಹೊಳೆದು ಆರುತ್ತಿತ್ತು. ಅಲ್ಲಿಗೆ ನೋಡಬೇಡ, ಬುಟ್ಟಿ ನೋಡು ಎಂದಳು ಅಜ್ಜಿ. ಇಬ್ಬರೂ ಬಗ್ಗಿ ಕೈಯಲ್ಲೇ ಬಾಚಿದರು. ಒಂದು ಬುಟ್ಟಿ ತುಂಬಿತು, ಮೇಲಕ್ಕೆ ಎಳೆದುಕೊಂಡರು. ಎರಡನೆಯದೂ ಹೋಯಿತು. ಚಪ್ಪಾಳೆ ಮಳೆ ಬಿದ್ದ ಹಾಗೆ ಒಂದೇ ಸಮ ಬರುತ್ತಿತ್ತು. ಲೂಸಿಲ್ಲ ಆ ಸದ್ದನ್ನೇ ಹಿಡಿದುಕೊಂಡು ಉಸಿರಾಡುತ್ತಿದ್ದಳು.

ಮೇಲೆ ಅರಿಸ್ತುಲ್ಲ ಎರಡನೆಯ ಬುಟ್ಟಿಯನ್ನು ಇಳಿಸಿಕೊಂಡು ಯಜಮಾನಿಯ ಕಡೆ ತಿರುಗಿದಳು.

"ಅಮ್ಮ, ಇದನ್ನ ಕಾಳಿಗೆ ಬೆರೆಸೋಕೆ ಮೊದ್ಲು ಒಂದು ಮಾತು. ಹೇಳದೇ ಇದ್ರೆ ಆ ಪಾಪ ನನ್ನ ತಲೇಗೆ ಬರುತ್ತೆ. ಮೂರು ದಿನದ ಹಿಂದೆ ಮೀನು ತರೋಕೆ ದಂಡೆಗೆ ಹೋಗಿದ್ದೆ. ಲೂಸಿಲ್ಲ ಹಗ್ನೆ ಗುಡಿಸಲಿಂದ ಹೊರಗೆ ಬರ್ತಿದ್ಲು. ಕೈಯಲ್ಲಿ ಬಿಳಿ ದಾರ ಇತ್ತು."

ಹಗ್ನೆಯ ಹೆಸರು ಕೇಳಿದ್ದೇ ತಡ, ಚಪ್ಪಾಳೆ ಅಲ್ಲಲ್ಲಿ ತಗ್ಗಿತು. ಒಬ್ಬರ ಮುಖ ಒಬ್ಬರು ನೋಡಿದರು. ಆಮೇಲೆ ಪೂರ್ತಿ ನಿಂತುಹೋಯಿತು. ಯಾರೂ ನಿಲ್ಲಿಸಿ ಎನ್ನಲಿಲ್ಲ. ನನ್ನ ಅಣ್ಣನ ಹೆಂಡತಿ ಕೆಳಗಿದ್ದಳು. ನನ್ನ ಕೈಯೂ ನಿಂತಿತು. ಮೊದಲು ನಿಲ್ಲಿಸಿದವಳು ನಾನಲ್ಲ ಎಂದಷ್ಟೇ ಹೇಳಬಲ್ಲೆ.

ಆ ಮೌನ ಕೆಳಗೆ ಕಲ್ಲಿನ ಹಾಗೆ ಬಿತ್ತು. ಗ್ಲೂಕೆ ಅಜ್ಜಿ ಬೆಚ್ಚಿ ತಲೆಯೆತ್ತಿದವಳು ಕಾಲು ಜಾರಿ ಬಂಡೆಯ ಮೇಲೆ ಬಿದ್ದಳು. ಒಣ ಕಟ್ಟಿಗೆ ಮುರಿದಂತೆ ತೊಡೆಯ ಎಲುಬು ಲಟಕ್ಕೆಂದಿತು.

"ತಟ್ರೇ! ಏನಾಯ್ತ್ರೇ ನಿಮಗೆ? ತಟ್ರೇ ಮುಂಡೇರಾ!" ಎಂದು ಅಜ್ಜಿ ಕಿರುಚಿದಳು.

ಯಾರೂ ತಟ್ಟಲಿಲ್ಲ. ಗೋಡೆಯ ಸಂದಿಗಳು ಅಲುಗತೊಡಗಿದವು. ಮೊದಲು ಒಂದು ಇಳಿಯಿತು, ಆಮೇಲೆ ಮತ್ತೊಂದು. ಕೊಳೆತದ್ದರ ಮೇಲೆ ಅವು ಹರಿಯುವ ಸದ್ದು ನೆಲದ ಮೇಲೆ ಬಟ್ಟೆ ಎಳೆದ ಹಾಗಿತ್ತು. ಲೂಸಿಲ್ಲ ಚಪ್ಪಾಳೆ ತಟ್ಟಲು ನೋಡಿದಳು. ಕೈಗೆ ಮೆತ್ತಿದ ಕೊಳೆಯಿಂದ ಸದ್ದೇ ಬರಲಿಲ್ಲ.

"ಲೂಸಿಲ್ಲಾ!" ಮೇಲಿನಿಂದ ಯಜಮಾನಿಯ ದನಿ. "ಹಗ್ನೆ ಮನೆಗೆ ಹೋಗಿದ್ದೆಯಾ?"

"ಇಲ್ಲ ಅನ್ನು" ಎಂದು ಅಜ್ಜಿ ಹಲ್ಲು ಕಚ್ಚಿ ಪಿಸುಗುಟ್ಟಿದಳು. "ಏನು ಮಾಡಿದ್ದೀಯೋ ನನಗೆ ಬೇಡ. ಇಲ್ಲ ಅನ್ನು. ಸದ್ದು ಬರ್ಲಿ ಮೊದ್ಲು."

"ಅಜ್ಜಿ, ನಾನು ಒಂದು ಮಗೂನ ಮುಟ್ಟಿದೀನಿ. ಮಡಕೇಲಿ ಇಟ್ಟಿದ್ರಲ್ಲ, ಅಂಥದ್ದು."

"ಅಯ್ಯೋ ನಿನ್ನ! ಹೇಳೋಕೆ ಒಳ್ಳೆ ಜಾಗ ಹುಡುಕಿದೆ ಕಣೇ!"

ಲೂಸಿಲ್ಲಳ ಪಾದದ ಮೇಲೆ ತೂಕವೊಂದು ಹತ್ತಿತು. ತಣ್ಣಗೆ, ಮಗುವಿನ ತೋಳಿನಷ್ಟು ದಪ್ಪ. ಅದು ನಿಧಾನವಾಗಿ ಪಾದ ದಾಟಿ ಕಣಕಾಲನ್ನು ಒಮ್ಮೆ ಸುತ್ತಿತು. ಅವಳು ಅಲುಗಲಿಲ್ಲ, ಅಲುಗುವ ಶಕ್ತಿಯೇ ಇರಲಿಲ್ಲ. ಉಚ್ಚೆ ಹೋದದ್ದೂ ಗೊತ್ತಾಗಲಿಲ್ಲವಂತೆ. ಇಲ್ಲ ಎಂದರೆ ಮೇಲಿನವರು ನಂಬಬಹುದು. ಆದರೆ ಈ ಕುಳಿಯ ಒಡತಿ ನಂಬುತ್ತಾಳೆಯೇ? ಅವಳ ಬಾಯೊಳಗೇ ನಿಂತು ಅವಳಿಗೇ ಸುಳ್ಳು ಹೇಳುವುದಕ್ಕೆ ಹಾವಿಗಿಂತ ಹೆಚ್ಚು ಭಯವಾಯಿತು.

"ಹೋಗಿದ್ದೆ" ಎಂದು ಅವಳು ಕೂಗಿದಳು. ದನಿ ಬಂಡೆಗೆ ಬಡಿದು ಒಡೆದುಕೊಂಡು ಮೇಲೆ ಬಂತು. "ಬುಗ್ಗೆ ದಾರೀಲಿ ಮಡಕೆ ಇತ್ತು. ಹೆಣ್ಣು ಮಗು. ಹಳದಿ ಅಂಚಿನ ಬಟ್ಟೆ ಸುತ್ತಿತ್ತು. ಕಾಗೆ ಕೂತಿತ್ತು ಅಮ್ಮ. ನೋಡೋಕಾಗ್ಲಿಲ್ಲ. ಎತ್ಕೊಂಡು ಹೋಗಿ ಹಗ್ನೆಗೆ ಕೊಟ್ಟೆ. ಆಡಿನ ಹಾಲು ಕುಡೀತು. ಬದುಕಿದೆ."

ನಾವು ನಲವತ್ತು ಜನ ಕಲ್ಲಾಗಿ ನಿಂತಿದ್ದೆವು. ಹೂತಿಟ್ಟದ್ದು ಎದ್ದು ಬಂದಂತೆ ಎಲ್ಲರ ಮುಖದಲ್ಲೂ ದಿಗಿಲು. "ನಾ ಹೇಳಲಿಲ್ವಾ? ಕಾಳು ಸುಟ್ಟುಹಾಕಿ ಅಮ್ಮ, ಸುಟ್ಟುಹಾಕಿ" ಎಂದು ಅರಿಸ್ತುಲ್ಲ ಅಳುತ್ತಿದ್ದಳು. ಅವಳೂ ಕೆಟ್ಟವಳಲ್ಲ, ಆ ಬೇಸಿಗೆಯಲ್ಲಿ ಹೋದ ಮೂವರಲ್ಲಿ ಒಬ್ಬ ಅವಳಪ್ಪ.

ಆಗ ನನ್ನ ಪಕ್ಕದಿಂದ ಒಂದು ಚಪ್ಪಾಳೆ ಕೇಳಿತು. ತಡೆದು ಇನ್ನೊಂದು.

ಫಿಲಿನ್ನ ತಟ್ಟುತ್ತಿದ್ದಳು. ಬಾಯಿ ತೆರೆದಿತ್ತು, ದನಿ ಇರಲಿಲ್ಲ. ಎದೆಯ ಮೇಲೆ ಕಟ್ಟಿಕೊಂಡಿದ್ದ ಕೈ ಈಗ ಬಿಟ್ಟಿದ್ದರಿಂದ ಅವಳ ಬಟ್ಟೆಯ ಮುಂಭಾಗ ಕಾಣುತ್ತಿತ್ತು. ಎರಡು ಕಡೆ ಹಾಲು ಒಸರಿ ಹೊಟ್ಟೆಯ ತನಕ ಒದ್ದೆಯಾಗಿತ್ತು. ನಾನು ನೋಡಿದೆ, ಯಜಮಾನಿ ನೋಡಿದಳು. ನೋಡದವರು ಯಾರೂ ಇರಲಿಲ್ಲ. ಒಬ್ಬಳೇ ಹೆಂಗಸು, ಒಂದೇ ಜೋಡಿ ಕೈ, ಕುಳಿಯ ಬಾಯಿಗೆ ಬಗ್ಗಿ ಜೋರಾಗಿ ತಟ್ಟುತ್ತಲೇ ಇದ್ದಳು.

ನಾನೂ ತಟ್ಟಿದೆ. ಆಮೇಲೆ ಯಾರು ಯಾರು ಸೇರಿದರೋ ತಿಳಿಯದು. ಸ್ವಲ್ಪ ಹೊತ್ತಿಗೆ ಬೆಟ್ಟವೇ ತಟ್ಟುತ್ತಿರುವಂತಾಯಿತು. ಅರಿಸ್ತುಲ್ಲಳೂ ತಟ್ಟಿದಳು, ಅಳುತ್ತಲೇ.

ಲೂಸಿಲ್ಲಳ ಕಾಲಿನ ಸುತ್ತು ಸಡಿಲವಾಯಿತು. ಆ ತೂಕ ಜಾರಿ ಹೋಯಿತು. ಅವಳು ಅಜ್ಜಿಯ ಕಂಕುಳಿಗೆ ಹಗ್ಗ ಬಿಗಿದು ಮೇಲಕ್ಕೆ ಕಳಿಸಿದಳು. ಅಜ್ಜಿಯ ದೇಹ ಬಾಯಿಯ ಬೆಳಕನ್ನು ಮುಚ್ಚಿದಷ್ಟು ಹೊತ್ತು ಕೆಳಗೆ ಏನೂ ಕಾಣಲಿಲ್ಲ. ಆ ಕತ್ತಲೆಯಲ್ಲಿ ಒಬ್ಬಳೇ ನಿಂತಿದ್ದಾಗ ಹಿಂದೆ ಯಾರೋ ದೊಡ್ಡದಾಗಿ ಉಸಿರು ಬಿಟ್ಟಂತಾಯಿತಂತೆ, ಹೆತ್ತು ಮುಗಿದವಳು ಬಿಡುವ ಹಾಗೆ. ತಿರುಗಿ ನೋಡುವ ಧೈರ್ಯ ಅವಳಿಗಿರಲಿಲ್ಲ. ಆದರೂ ಮೂರನೆಯ ಬುಟ್ಟಿ ತುಂಬಿಸದೆ ಅವಳು ಹತ್ತಲಿಲ್ಲ.

ಮೇಲೆ ಬಂದವಳನ್ನು ಯಾರೂ ಮುಟ್ಟಲಿಲ್ಲ. ಬುಟ್ಟಿಗಳು ಬಲಿಪೀಠದ ಮುಂದೆ ಇದ್ದವು, ಪಕ್ಕದಲ್ಲಿ ಬೇಡಿ ತಂದ ಕಾಳಿನ ಮೂಟೆಗಳು. ಬೆರೆಸುವುದೋ ಬೇಡವೋ ಎಂದು ಎಲ್ಲರೂ ಯಜಮಾನಿಯ ಮುಖ ನೋಡಿದರು. ಅವಳು ಬುಟ್ಟಿಗಳನ್ನೂ ಮೂಟೆಗಳನ್ನೂ ಒಂದೊಂದಾಗಿ ನೋಡಿದಳು.

"ಇಳಿದ ಇಬ್ಬರೂ ಜೀವಂತ ಬಂದಿದ್ದಾರೆ" ಎಂದಳು ಕೊನೆಗೆ. "ಕಲ್ಲಿಗೆನೇಯ ಬೇಡ ಅಂದಿದ್ರೆ ಇವರನ್ನ ಅಲ್ಲೇ ಇಟ್ಕೋತಿದ್ಲು. ನನಗೆ ಇಷ್ಟೇ ಗೊತ್ತಿರೋದು. ಇಲ್ಲಿ ಕೇಳಿದ್ದು ಇಲ್ಲೇ ಉಳೀಬೇಕು. ಗಂಡಸರಿಗೆ ಹೇಳಿದ ಬಾಯಿಗೆ ಹುಳ ಬೀಳ್ಲಿ." ಅವಳೇ ಮೊದಲು ಕೈ ಅದ್ದಿ ಬೆರೆಸಿದಳು.

ಬಿತ್ತನೆಯಾಯಿತು. ಅದಾದ ಮೇಲಿನ ಚಳಿಗಾಲದ ಭಯ ಕುಳಿಯ ಭಯಕ್ಕಿಂತ ಉದ್ದವಾಗಿತ್ತು. ಗ್ಲೂಕೆ ಅಜ್ಜಿ ಮುರಿದ ಕಾಲಿನಿಂದ ಏಳಲೇ ಇಲ್ಲ. ನಡು ಚಳಿಗಾಲದಲ್ಲಿ ಜ್ವರ ಬಂದು ಹೋದಳು. "ಒಂದು ಹೋಯ್ತು, ಇನ್ನೇನು ಕಾದಿದೆಯೋ" ಎಂದು ಹೆಂಗಸರು ಬಾವಿಯ ಹತ್ತಿರ ಪಿಸುಗುಟ್ಟಿದರು. ಸಾಯುವ ಮುಂಚೆ ಅಜ್ಜಿ ಲೂಸಿಲ್ಲಳ ಕೈ ಹಿಡಿದು, "ನನ್ನ ಕಾಲು ಜಾರಿದ್ದು ಮುದಿತನಕ್ಕೆ ಕಣೇ. ಅದನ್ನೂ ನಿನ್ನ ತಲೆ ಮೇಲೆ ಹಾಕ್ಕೋಬೇಡ" ಎಂದಿದ್ದಳು. ಲೂಸಿಲ್ಲ ಅದನ್ನೂ ತಲೆಯ ಮೇಲೆ ಹಾಕಿಕೊಂಡಳು. ಊರಿಗೆ ಬಂದ ಅಣ್ಣನಿಗೆ ಏನೂ ಗೊತ್ತಿಲ್ಲ. "ನಿನ್ನತ್ತಿಗೆಗೆ ಏನಾಗಿದೆಯೇ? ಬಾಗಿಲು ಬಡಿದ್ರೆ ಗೋಡೆಗೆ ಅಂಟ್ಕೋತಾಳೆ" ಎಂದು ನನ್ನನ್ನು ಕೇಳಿದ. ಹೊಟ್ಟೇಲಿ ಹುಳ ಇರಬೇಕು ಎಂದೆ.

ಜವೆ ಮೊಳೆಯಿತು. ಹಿಂದಿನ ವರ್ಷವೂ ಮೊಳೆದಿತ್ತು. ತೆನೆ ಬಿಟ್ಟಿತು. ಹಿಂದಿನ ವರ್ಷವೂ ಬಿಟ್ಟಿತ್ತು. ವಸಂತದ ಕೊನೆಗೆ ಒಂದು ಮಧ್ಯಾಹ್ನ ಲೂಸಿಲ್ಲ ನನ್ನನ್ನು ಹೊಲಕ್ಕೆ ಕರೆದುಕೊಂಡು ಹೋಗಿ ಬದುವಿನ ಮೇಲೆ ಕಣ್ಣು ಮುಚ್ಚಿ ಕೂತಳು.

"ನೀನೇ ಒತ್ತು. ನನ್ನ ಕೈಯಲ್ಲಿ ಆಗಲ್ಲ."

ನಾನು ಒಂದು ತೆನೆ ಕಿತ್ತು ಕಾಳನ್ನು ಉಗುರಿನಲ್ಲಿ ಒತ್ತಿದೆ. ಬಿಳಿ ಹಾಲು ಚಿಮ್ಮಿ ಉಗುರಿನ ಸಂದಿಗೆ ಇಳಿಯಿತು. "ಅತ್ತಿಗೆ, ಕಣ್ಣು ಬಿಡು" ಎಂದೆ. ಅವಳು ನೋಡಿದಳು, ನಂಬಲಿಲ್ಲ. ತಾನೇ ಇನ್ನೊಂದು ಒತ್ತಿದಳು, ಮತ್ತೊಂದು. ಪಕ್ಕದ ಹೊಲಕ್ಕೆ ಓಡಿದಳು, ಅದರಾಚೆಯದಕ್ಕೆ. ಸಂಜೆಯ ತನಕ ಊರ ಹೊಲಗಳಲ್ಲೆಲ್ಲ ತೆನೆ ಒತ್ತುತ್ತಾ ತಿರುಗಿದಳು. ಸಮುದ್ರದ ಕಡೆಯ ಎರಡು ಹೊಲ ಜೊಳ್ಳಾಗಿದ್ದವು. ಉಳಿದದ್ದೆಲ್ಲ ತುಂಬಿತ್ತು. ಯಾಕೆ ಆ ಎರಡು ಹಾಗೆ, ಯಾಕೆ ಉಳಿದವು ಹೀಗೆ ಎಂದು ಯಾರಿಗೂ ಗೊತ್ತಿರಲಿಲ್ಲ.

ಮಗು ಹಗ್ನೆಯ ಹತ್ತಿರವೇ ಬೆಳೆಯಿತು. ಹುಟ್ಟಿದ ಐದನೆಯ ದಿನವೇ ಅದನ್ನು ಬಿಟ್ಟು ಬರುತ್ತೇನೆಂದು ಗಂಡ ಹೊರಟಾಗ ಫಿಲಿನ್ನ ಅವನ ಕಾಲು ಹಿಡಿದು ಕೆಲವು ದಿನ ಕೂಸನ್ನು ಒಳಕೋಣೆಯಲ್ಲಿ ಬಚ್ಚಿಟ್ಟುಕೊಂಡಿದ್ದಳಂತೆ. ಈಗ ದಿನಕ್ಕೆರಡು ಸಲ ಉಪ್ಪು ತರುವ ನೆಪದಲ್ಲಿ ದಂಡೆಗೆ ಹೋಗಿ ಹಾಲೂಡಿಸಿ ಬರುತ್ತಿದ್ದಳು. ಅಷ್ಟು ಉಪ್ಪು ಯಾಕೆ ಎಂದು ಗಂಡ ಒಮ್ಮೆಯೂ ಕೇಳಲಿಲ್ಲ. ಹಗ್ನೆ ಕೂಸಿಗೆ ಕರ್ಪಿಮೆ ಎಂದು ಹೆಸರಿಟ್ಟಳು, ಫಲ ಕೊಡುವವಳು ಎಂದು. ಹಗ್ನೆಯ ಹತ್ತಿರ ಹೋಗಿ ತಪ್ಪಾಯಿತು ಎಂದವರು ಯಾರೂ ಇಲ್ಲ. ಕೊಯ್ಲಾದ ಮೇಲೆ ಅವಳ ಬಾಗಿಲಲ್ಲಿ ಯಾರೋ ಒಂದು ಮೊರ ಜವೆ ಇಟ್ಟು ಹೋಗಿದ್ದರು.

ಹೊಸ ಹಿಟ್ಟಿನ ಮೊದಲ ರೊಟ್ಟಿಯನ್ನು ಲೂಸಿಲ್ಲ ಮನೆಯಲ್ಲಿ ಯಾರಿಗೂ ಮುಟ್ಟಗೊಡಲಿಲ್ಲ. ಬಟ್ಟೆಯಲ್ಲಿ ಸುತ್ತಿಕೊಂಡು ನನ್ನ ಜೊತೆ ಹಗಲಲ್ಲೇ, ಊರ ನಡುವಿನ ದಾರಿಯಲ್ಲೇ ದಂಡೆಗೆ ಬಂದಳು. ಹಗ್ನೆ ರೊಟ್ಟಿ ಮುರಿದು ನನಗೊಂದು ತುಂಡು ಕೊಟ್ಟಳು, ತಾನೊಂದು ತಿಂದಳು, ಮೆದುವಾದ ಒಳಭಾಗವನ್ನು ಆಡಿನ ಹಾಲಿಗೆ ಅದ್ದಿ ಕೂಸಿನ ಬಾಯಿಗಿಟ್ಟಳು. ಲೂಸಿಲ್ಲ ತನ್ನ ಪಾಲನ್ನು ಕೈಯಲ್ಲೇ ಹಿಡಿದುಕೊಂಡು ನಮ್ಮ ಮೂವರ ಗಂಟಲನ್ನೇ ನೋಡುತ್ತಾ ಕೂತಿದ್ದಳು. ನಾವು ನುಂಗಿದೆವು. ಏನೂ ಆಗಲಿಲ್ಲ. ಕೂಸು ಇನ್ನೊಂದು ತುತ್ತಿಗೆ ಬಾಯಿ ತೆರೆಯಿತು. ಇನ್ನೂ ಸ್ವಲ್ಪ ಹೊತ್ತು ಕಾದು ಆಮೇಲೆ ಲೂಸಿಲ್ಲ ತಿಂದಳು.